ಬಾನುಲಿ ತನ್ನ ಕೇಳುಗನನ್ನು ಅರಸಿದ ಬಗೆ

ಹರಿಕಥೆಯ ದಾಸರಿಗೆ ತಮ್ಮ ಶ್ರೋತೃಗಳು ಕಣ್ಣೆದುರಿಗೇ ಕುಳಿತಿರುತ್ತಾರೆ. ಹಿಂದಿನ ಸಾಲಿನಲ್ಲಿ ಯಾರಾದರೂ ಆಕಳಿಸಿದರೆ ಉಪಕಥೆಯನ್ನು ಮೊಟಕುಗೊಳಿಸಿ ಪದವೊಂದನ್ನು ಎತ್ತಿಕೊಳ್ಳುವ, ಮುಂದಿನ ಸಾಲಿನಲ್ಲಿ ಕಣ್ಣೊದ್ದೆಯಾದುದು ಕಂಡರೆ ಆ ಸಂದರ್ಭವನ್ನೇ ಇನ್ನಷ್ಟು ಬೆಳೆಸುವ ಅನುಕೂಲ ಅವರಿಗುಂಟು. ಯಕ್ಷಗಾನದ ಭಾಗವತರಿಗೂ, ನಾಟಕ ಕಂಪೆನಿಯ ನಟನಿಗೂ, ಸಭಾವೇದಿಕೆಯ ಭಾಷಣಕಾರನಿಗೂ ಈ ಅನುಕೂಲ ತಪ್ಪಿದುದಲ್ಲ. ತನ್ನ ಮಾತನ್ನು ಕೇಳುತ್ತಿರುವವರು ಯಾರು, ಅಸಲು ಕೇಳುತ್ತಿರುವರೋ ಇಲ್ಲವೋ ಎಂಬುದನ್ನರಿಯದೆ, ಕದ ಮುಚ್ಚಿದ ಕೋಣೆಯೊಂದರಲ್ಲಿ ಯಂತ್ರದ ಮುಂದೆ ಕುಳಿತು ನಗಿಸುವುದನ್ನೂ ಅಳಿಸುವುದನ್ನೂ ಬೋಧಿಸುವುದನ್ನೂ ಅನುದಿನದ ಕಸುಬನ್ನಾಗಿ ಮಾಡಿದುದು ಬಾನುಲಿ. ಕಾಣದ ಕೇಳುಗನನ್ನು ಮನಸ್ಸಿನಲ್ಲಿ ಕಲ್ಪಿಸಿಕೊಳ್ಳದ ಹೊರತು ಅಲ್ಲಿ ಒಂದು ವಾಕ್ಯವನ್ನೂ ಬರೆಯುವಂತಿಲ್ಲ, ಒಂದು ರಾಗವನ್ನೂ ಆಯುವಂತಿಲ್ಲ. ಆದುದರಿಂದ ಬಾನುಲಿಯ ಕಾರ್ಯಕ್ರಮಗಳು ಹುಟ್ಟಿ, ಬೆಳೆದು, ರೂಪಾಂತರ ಹೊಂದಿದ ಚರಿತ್ರೆಯು, ಆಯಾ ಕಾಲದ ಪ್ರಸಾರಕರು ತಮ್ಮ ಕೇಳುಗನು ಯಾರೆಂದು ಭಾವಿಸಿದ್ದರು ಎಂಬುದರ ಚರಿತ್ರೆಯೇ ಆಗಿದೆ. ಕನ್ನಡನಾಡಿನ ಬಾನುಲಿಯ ಕಥೆಯನ್ನು ಈ ದೃಷ್ಟಿಯಿಂದ ಅವಲೋಕಿಸಿದರೆ, ಬಿಡಿಬಿಡಿಯಾಗಿ ತೋರುವ ಅನೇಕ ಸಂಗತಿಗಳು ಒಂದೇ ಸೂತ್ರದಲ್ಲಿ ಸೇರುತ್ತವೆ.

ಭಾರತದಲ್ಲಿ ಪ್ರಸಾರಕಾರ್ಯ ಮೊದಲು ತಲೆಯೆತ್ತಿದುದು ಹವ್ಯಾಸಿಗಳ ಕೂಟಗಳಲ್ಲಿ. ೧೯೨೪ರಲ್ಲಿ ಸಿ. ವಿ. ಕೃಷ್ಣಸ್ವಾಮಿ ಚೆಟ್ಟಿಯವರ ಉತ್ಸಾಹದಿಂದ ಮದರಾಸಿನಲ್ಲಿ ಸ್ಥಾಪಿತವಾದ ರೇಡಿಯೋ ಕ್ಲಬ್ಬು ಅದೇ ವರ್ಷ ಜುಲೈ ತಿಂಗಳ ಕೊನೆಯಲ್ಲಿ ಪ್ರಸಾರವನ್ನಾರಂಭಿಸಿ, ಹಣದ ಮುಗ್ಗಟ್ಟಿನಿಂದ ಮೂರೇ ವರ್ಷಗಳಲ್ಲಿ ಕೈಸೋತು, ತನ್ನ ಯಂತ್ರೋಪಕರಣವನ್ನು ಅಲ್ಲಿಯ ನಗರಸಭೆಗೆ ಒಪ್ಪಿಸಿತು. ೧೯೨೭ರ ಜುಲೈ ೨೩ರಂದು ಮುಂಬಯಿಯಲ್ಲಿಯೂ, ಮರುತಿಂಗಳು ಕಲ್ಕತ್ತೆಯಲ್ಲಿಯೂ ಖಾಸಗಿ ಕಂಪೆನಿಯೊಂದರ ನಿಲಯಗಳು ತೆರೆದುವು. ಮುಂಬಯಿಯದನ್ನು ವೈಸರಾಯ್ ಅರ್ವಿನ್ ಅವರೇ ಉದ್ಘಾಟಿಸಿದರು. ಆದರೆ ಆ ಕಂಪೆನಿಗೆ ಕೈಗೂಡಿದ ಮೂಲಧನ ಆರು ಲಕ್ಷ ರೂಪಾಯಿ ಮಾತ್ರ. ಅದರ ಮುಖ್ಯ ಆದಾಯವಾಗಿದ್ದುದು ರೇಡಿಯೋ ಇಟ್ಟುಕೊಂಡವರು ತೆರಬೇಕಾಗಿದ್ದ ಲೈಸೆನ್ಸು ಶುಲ್ಕದ ಪಾಲು. ಇಡೀ ದೇಶದಲ್ಲಿ ಲೈಸೆನ್ಸುಗಳ ಸಂಖ್ಯೆ ಎಂಟು ಸಾವಿರವನ್ನೂ ಮುಟ್ಟಲಿಲ್ಲ. ಆ ಕಾಲದ ರೇಡಿಯೋ ಸಿರಿವಂತರ ದಿವಾನಖಾನೆಯ ಅಲಂಕಾರ. ಕಾರ್ಯಕ್ರಮಗಳೂ ಅದಕ್ಕೆ ತಕ್ಕಂತೆ ಒಂದು ಭಾಗ ಐರೋಪ್ಯರಿಗೆ, ಒಂದು ಭಾಗ ನಗರವಾಸಿಗಳಾದ ಭಾರತೀಯರಿಗೆ ಎಂದು ಹಂಚಿಹೋಗಿದ್ದುವು. ಕೇಳುಗನು ಇಂಥ ಬೆರಳೆಣಿಕೆಯವನೆಂದು ಭಾವಿಸಿದ ಉದ್ಯಮವು ಬೆರಳೆಣಿಕೆಯವರಿಂದ ಬದುಕಲಾರದೆ ೧೯೩೦ರ ಮಾರ್ಚಿನಲ್ಲಿ ಮುಚ್ಚಿತು. ವ್ಯಾಪಾರಸ್ಥರ ಹಾಗೂ ಪ್ರಜೆಗಳ ಒತ್ತಾಯಕ್ಕೆ ಮಣಿದು ಸರ್ಕಾರವು ಆ ನಿಲಯಗಳನ್ನು ಅರೆಮನಸ್ಸಿನಿಂದಲೇ ತನ್ನ ವಶಕ್ಕೆ ತೆಗೆದುಕೊಂಡಿತು. ೧೯೩೫ರಲ್ಲಿ ಬಿ.ಬಿ.ಸಿ.ಯಿಂದ ಬಂದ ಲಯೊನೆಲ್ ಫೀಲ್ಡನ್ ಪ್ರಸಾರ ವಿಭಾಗದ ಅಧಿಪತಿಯಾದುದು, ೧೯೩೬ರ ಜೂನ್‌ನಲ್ಲಿ ಅದಕ್ಕೆ ‘ಆಲ್ ಇಂಡಿಯಾ ರೇಡಿಯೋ’ ಎಂಬ ನಾಮಕರಣವಾದುದು, ಇವು ಆ ತರುವಾಯದ ಘಟನೆಗಳು. ಹಿಟ್ಲರನ ಕಾಟದಿಂದ ಪಾರಾಗಿ ಮುಂಬಯಿಗೆ ಬಂದು ಅಲ್ಲಿಯ ನಿಲಯದಲ್ಲಿ ಸಂಗೀತ ನಿರ್ದೇಶಕನಾದ ವಾಲ್ಟರ್ ಕೌಫ್‌ಮನ್ ಎಂಬ ಯೆಹೂದಿ ಸಂಗೀತಜ್ಞನು ರಚಿಸಿದ ಕಿರುನಾದವೇ ಇಂದಿಗೂ ಪ್ರತಿ ಪ್ರಾತಃಕಾಲ ಪ್ರಸಾರ ಆರಂಭವಾಗುವ ಮುನ್ನ ತಂಬೂರಿಯ ಶ್ರುತಿಯ ಮೇಲೆ ಕೇಳಿಬರುವುದು.

ದೆಹಲಿಯ ಸರ್ಕಾರವು ಹೀಗೆ ಕಡತಗಳ ನಡುವೆ ದಾರಿ ಹುಡುಕುತ್ತಿದ್ದ ಕಾಲದಲ್ಲಿಯೇ, ಮೈಸೂರಿನಲ್ಲಿ ಒಬ್ಬ ಅಧ್ಯಾಪಕರು ಯಾರ ಅಪ್ಪಣೆಗೂ ಕಾಯದೆ ಈ ಕಾರ್ಯಕ್ಕೆ ಕೈಹಾಕಿದರು. ಮಹಾರಾಜಾ ಕಾಲೇಜಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಎಂ. ವಿ. ಗೋಪಾಲಸ್ವಾಮಿಯವರು, ಲಂಡನ್ನಿನಲ್ಲಿ ವ್ಯಾಸಂಗ ಮಾಡಿ ಹಿಂದಿರುಗಿದ್ದವರು, ೧೯೩೫ರ ಸೆಪ್ಟೆಂಬರ್ ೧೦ರಂದು ‘ವಿಠ್ಠಲ ವಿಹಾರ’ವೆಂಬ ತಮ್ಮ ಮನೆಯಲ್ಲಿಯೇ ೩೦ ವಾಟ್ ಸಾಮರ್ಥ್ಯದ ಪುಟ್ಟ ಪ್ರಸಾರಯಂತ್ರವನ್ನು ಸ್ಥಾಪಿಸಿ, ಅದಕ್ಕೆ ‘ಆಕಾಶವಾಣಿ’ ಎಂಬ ಹೆಸರನ್ನಿಟ್ಟು ಪ್ರಸಾರವನ್ನಾರಂಭಿಸಿದರು. ಮುಂದೆ ೧೯೫೦ರ ದಶಕದಲ್ಲಿ ಸಮಸ್ತ ಭಾರತದ ಪ್ರಸಾರಸಂಸ್ಥೆಗೇ ಆ ಹೆಸರು ಸಂದಿತು. ಆರಂಭದ ದಿನಗಳಲ್ಲಿ ಆ ಯಂತ್ರದ ಮುಂದೆ ಕುವೆಂಪು ಅವರ ಕಾವ್ಯವಾಚನವೂ, ಟಿ. ಚೌಡಯ್ಯನವರ ಪಿಟೀಲುವಾದನವೂ ನಡೆದುವೆಂಬುದನ್ನು ನೆನೆದರೆ, ಒಂದು ಮನೆಯ ಕೋಣೆಯಲ್ಲಿ ಎಂಥ ಆಸ್ಥಾನ ನೆರೆದಿತ್ತೆಂಬುದು ಹೊಳೆಯುತ್ತದೆ. ಹಾಸ್ಯಲೇಖಕರಾದ ನಾ. ಕಸ್ತೂರಿಯವರಂಥ ಸಾಹಿತಿಗಳೂ ಆ ನಿಲಯದೊಡನೆ ನಿಕಟ ಸಂಬಂಧವುಳ್ಳವರಾಗಿದ್ದರು. ಖರ್ಚು ಒಬ್ಬರ ಶಕ್ತಿಗೆ ಮೀರಿದಾಗ ಪುರಸಭೆಯ ನೆರವು ದೊರೆಯಿತು; ೧೯೪೦ರ ದಶಕದ ಆರಂಭದಲ್ಲಿ ಸಂಸ್ಥಾನದ ಸರ್ಕಾರವೇ ನಿಲಯದ ಹೊಣೆಯನ್ನು ವಹಿಸಿಕೊಂಡಿತು.

ಮೂವತ್ತು ವಾಟ್‌ನ ದನಿ ಊರ ಎಲ್ಲೆಯಿಂದ ಬಹುದೂರ ಹೋಗತಕ್ಕುದಲ್ಲ. ಆದರೆ ಈ ಕೊರತೆಯಲ್ಲಿಯೇ ಒಂದು ಭಾಗ್ಯವಿತ್ತು. ಮೈಸೂರಿನ ಪ್ರಸಾರಕರಿಗೆ ಕೇಳುಗನು ಅಪರಿಚಿತನಲ್ಲ. ಆತನು ಅದೇ ಊರಿನವನು, ಪ್ರಾಯಶಃ ಅದೇ ಕಾಲೇಜಿನವನು, ಅದೇ ಸಂಗೀತಸಭೆಯಲ್ಲಿ ಚಾಪೆಯ ಮೇಲೆ ಪಕ್ಕದಲ್ಲಿ ಕೂರುವವನು. ಅವನಿಗೆ ಕಾವ್ಯವನ್ನು ವಿವರಿಸಿ ಹೇಳಬೇಕಾಗಿರಲಿಲ್ಲ, ರಾಗದ ಹೆಸರನ್ನು ಬಿಡಿಸಿ ತಿಳಿಸಬೇಕಾಗಿರಲಿಲ್ಲ. ಸಮಾನನೊಡನೆ ಸಮಾನನು ಆಡುವ ಮಾತಿನ ಸಲುಗೆ ಆ ನಿಲಯಕ್ಕೆ ಸಹಜವಾಗಿ ಒದಗಿತು. ಕನ್ನಡ ಬಾನುಲಿಯು ಸರ್ಕಾರದ ಕಚೇರಿಯಲ್ಲಿ ಹುಟ್ಟದೆ ವಿದ್ವಾಂಸರ ಮನೆಯಲ್ಲಿ ಹುಟ್ಟಿದುದರಿಂದ, ಸಾಹಿತ್ಯ ಸಂಗೀತಗಳ ನಂಟು ಅದಕ್ಕೆ ಜನ್ಮದಿಂದಲೇ ಬಂದಿತು.

ಬಾನುಲಿಯು ಕನ್ನಡಕ್ಕಿತ್ತ ಹೊಸ ಪ್ರಕಾರಗಳಲ್ಲಿ ಮೊದಲನೆಯದು ಭಾಷಣ. ವೇದಿಕೆಯ ಭಾಷಣಕ್ಕೂ ಇದಕ್ಕೂ ಹೆಸರೊಂದೇ ಸಾಮ್ಯ. ವೇದಿಕೆಯಲ್ಲಿ ಒಂದೂವರೆ ಗಂಟೆ ಹರಿಯುತ್ತಿದ್ದ ವಾಗ್ಝರಿಯು ಇಲ್ಲಿ ಹದಿನೈದು ನಿಮಿಷಗಳ, ಕ್ರಮೇಣ ಹತ್ತು ನಿಮಿಷಗಳ, ಬೆಳಗಿನ ‘ಚಿಂತನ’ದಲ್ಲಿ ಐದಾರು ನಿಮಿಷಗಳ ಪಾತ್ರೆಯಲ್ಲಿ ಅಡಗಬೇಕಾಯಿತು. ಮಾತನಾಡುವವರು ಮೊದಲೇ ಬರೆದು ತರಬೇಕು. ಬರೆದುದನ್ನು ನಿಲಯದವರು ಮೊದಲೇ ಓದಿ ಒಪ್ಪಬೇಕು. ಒಪ್ಪಿದುದನ್ನು ಓದುತ್ತಿರುವಂತೆ ತೋರದಂತೆ ಓದಬೇಕು. ಪ್ರಥಮ ಬಾರಿಗೆ ಬಂದ ವಿದ್ವಾಂಸರಿಗೆ ಅಲ್ಲಿ ದೊರೆಯುತ್ತಿದ್ದ ಉಪದೇಶವೂ ವಿಶಿಷ್ಟವಾದುದು: ಹಾಳೆಗಳನ್ನು ಪಿನ್ನಿನಿಂದ ಪೋಣಿಸಕೂಡದು, ಏಕೆಂದರೆ ಮಗುಚುವ ಸದ್ದು ಮೈಕಿಗೆ ಗುಡುಗಿನಂತೆ ಕೇಳುತ್ತದೆ; ಓದಿಯಾದ ಹಾಳೆಯನ್ನು ಮೆಲ್ಲನೆ ಪಕ್ಕಕ್ಕೆ ಸರಿಸಬೇಕು; ಒಂದು ವಾಕ್ಯ ಈ ಪುಟದಲ್ಲಿ ಮೊದಲಾಗಿ ಆ ಪುಟದಲ್ಲಿ ಮುಗಿಯುವಂತಿರಕೂಡದು; ಕೆಮ್ಮು ಬಂದರೆ ಮುಖವನ್ನು ತಿರುಗಿಸಬೇಕು. ಗಾಜಿನ ಕಿಟಕಿಯ ಆಚೆಯಿಂದ ಕೈಸನ್ನೆಯಾಗಿ, ಕೆಂಪು ದೀಪ ಹೊತ್ತಿಕೊಂಡ ಮೇಲೆ ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುವಂತಿರಲಿಲ್ಲ; ಏಕೆಂದರೆ ಟೇಪ್ ಧ್ವನಿಮುದ್ರಣದ ಸೌಕರ್ಯ ಬರುವ ತನಕ ಬಹುಮಟ್ಟಿಗೆ ಎಲ್ಲವೂ ನೇರ ಪ್ರಸಾರವೇ. ಈ ನಿರ್ಬಂಧಗಳು ಕನ್ನಡ ಗದ್ಯಕ್ಕೆ ಉಪಕಾರವನ್ನೇ ಮಾಡಿದುವು. ಕಣ್ಣು ಹಿಂದಿರುಗಿ ನೋಡಬಲ್ಲುದು, ಕಿವಿ ಹಾಗೆ ಮಾಡಲಾರದು. ಆದುದರಿಂದ ಕರ್ತೃಪದವನ್ನು ಮೊದಲ ಸಾಲಿನಲ್ಲಿಟ್ಟು ಕ್ರಿಯಾಪದವನ್ನು ಐದನೆಯ ಸಾಲಿಗೆ ಒಯ್ಯುವ, ಈ ಲೇಖನದಲ್ಲಿಯೂ ಅಲ್ಲಲ್ಲಿ ಕಾಣಬಹುದಾದ ಪಂಡಿತಶೈಲಿಗೆ ಅಲ್ಲಿ ಎಡೆಯಿರಲಿಲ್ಲ. ಹರಟೆ, ಲಲಿತಪ್ರಬಂಧ, ವ್ಯಕ್ತಿಚಿತ್ರಗಳು ಬಾನುಲಿಯಲ್ಲಿ ಮೊದಲು ಕೇಳಿಬಂದು ಅನಂತರ ಪುಸ್ತಕಗಳಲ್ಲಿ ಸೇರಿದ ಉದಾಹರಣೆಗಳು ಹೇರಳವಾಗಿವೆ.

ಸ್ವಾತಂತ್ರ್ಯ ಬಂದಾಗ ಆಲ್ ಇಂಡಿಯಾ ರೇಡಿಯೋವಿಗೆ ಭಾರತದಲ್ಲಿ ಉಳಿದುದು ದೆಹಲಿ, ಮುಂಬಯಿ, ಕಲ್ಕತ್ತೆ, ಮದರಾಸು, ಲಖನೌ, ತಿರುಚಿನಾಪಳ್ಳಿ ಎಂಬ ಆರೇ ನಿಲಯಗಳು. ಕನ್ನಡಿಗರು ಇನ್ನೂ ಹಲವು ಆಡಳಿತಗಳಲ್ಲಿ ಹಂಚಿಹೋಗಿದ್ದ ಕಾಲದಲ್ಲಿ, ೧೯೫೦ರ ಜನವರಿಯಲ್ಲಿ ಧಾರವಾಡದ ನಿಲಯ ಆರಂಭವಾಯಿತು; ಆಗ ಕೇಂದ್ರದಲ್ಲಿ ಪ್ರಸಾರಖಾತೆಯ ಹೊಣೆ ಹೊತ್ತಿದ್ದವರು ಧಾರವಾಡದವರೇ ಆದ ರಂಗನಾಥ ದಿವಾಕರರು. ಅದೇ ವರ್ಷ ಏಪ್ರಿಲ್ ೧ರಂದು, ಹೈದರಾಬಾದು, ಔರಂಗಾಬಾದು, ತಿರುವನಂತಪುರಗಳ ಸಂಸ್ಥಾನ ನಿಲಯಗಳೊಡನೆ ಮೈಸೂರಿನ ಆಕಾಶವಾಣಿಯೂ ಕೇಂದ್ರಕ್ಕೆ ಸೇರಿತು. ೧೯೫೫ರ ನವೆಂಬರ್ ೨ರಂದು ಬೆಂಗಳೂರಿನ ನಿಲಯ ಕಾರ್ಯಾರಂಭ ಮಾಡಿದಾಗ ಮೈಸೂರಿನದು ಅಲ್ಲಿಗೆ ವರ್ಗವಾಗಿ, ಹುಟ್ಟಿದೂರಿನಲ್ಲಿ ಬಾನುಲಿಯ ದನಿ ಎರಡು ದಶಕಗಳ ಕಾಲ ಅಡಗಿತು. ಹೀಗೆ ರಾಜಕೀಯ ಏಕೀಕರಣಕ್ಕೆ ಒಂದು ವರ್ಷ ಮುಂಚೆಯೇ, ಧಾರವಾಡದ ಮಾತು ಬೆಂಗಳೂರಿಗೂ ಹಳೆಯ ಮೈಸೂರಿನ ಮಾತು ಹುಬ್ಬಳ್ಳಿಗೂ ಕೇಳತೊಡಗಿತು. ಪರಸ್ಪರರ ನುಡಿಯ ಸೊಗಡನ್ನು ಎರಡು ಸೀಮೆಯವರೂ ಹಗಲಿರುಳು ಕೇಳುವಂತಾದುದು, ನಾಡನ್ನು ಮಾನಸಿಕವಾಗಿ ಒಂದುಗೂಡಿಸುವಲ್ಲಿ ಸಣ್ಣ ಸೇವೆಯಲ್ಲ.

ಆ ದಿನಗಳಲ್ಲಿ ಸಾಹಿತಿಗಳನ್ನೂ ಕಲಾವಿದರನ್ನೂ ನಿಲಯಗಳಿಗೆ ಬರಮಾಡಿಕೊಂಡು ಕಾರ್ಯಕ್ರಮದ ಹೊಣೆಯನ್ನೇ ಅವರಿಗೊಪ್ಪಿಸುವ ಪರಿಪಾಠ ದೇಶದಾದ್ಯಂತ ಬೆಳೆಯಿತು. ಅಲಹಾಬಾದಿಗೆ ಸುಮಿತ್ರಾನಂದನ ಪಂತರು, ತಿರುವನಂತಪುರಕ್ಕೆ ಜಿ. ಶಂಕರ ಕುರುಪರು ಬಂದಂತೆ, ಧಾರವಾಡಕ್ಕೆ ೧೯೫೬ರಿಂದ ಹತ್ತು ವರ್ಷಗಳ ಕಾಲ ದ. ರಾ. ಬೇಂದ್ರೆಯವರು ಸಾಹಿತ್ಯ ಸಲಹೆಗಾರರಾದರು. ಮಲ್ಲಿಕಾರ್ಜುನ ಮನಸೂರರು ಅಲ್ಲಿಯೇ ಸಂಗೀತದ ಸಲಹೆಗಾರರಾಗಿದ್ದರು. ‘ಎನ್ಕೆ’ ಎಂಬ ಹೆಸರಿನಿಂದ ಪ್ರಸಿದ್ಧರಾದ ಎನ್. ಕೆ. ಕುಲಕರ್ಣಿಯವರು ಧಾರವಾಡದ ಆಡುಮಾತಿನ ಕೊಂಕುಬಿಂಕಗಳನ್ನೆಲ್ಲ ನಗೆನಾಟಕಗಳಿಗೆ ತಂದರು. ಒಂದೇ ಕಟ್ಟಡದ ಒಂದೇ ಓಣಿಯಲ್ಲಿ ಬೇಂದ್ರೆ, ಮನಸೂರ, ಎನ್ಕೆಯಂಥವರು ಓಡಾಡಿಕೊಂಡಿದ್ದ ಕಾಲವೊಂದಿತ್ತೆಂಬುದು ಇಂದಿನ ಪ್ರಸಾರಕರಿಗೆ ಪುರಾಣದಂತೆ ತೋರಬಹುದು.

ನಾಟಕವು ಬಾನುಲಿಗೆ ಬಂದಾಗ ತನ್ನ ಬಣ್ಣವನ್ನೂ ಪರದೆಯನ್ನೂ ಬಾಗಿಲಲ್ಲಿಯೇ ಬಿಟ್ಟು ಬರಬೇಕಾಯಿತು. ಕಂಪೆನಿ ನಾಟಕದ ಏರುದನಿ ಇಲ್ಲಿ ಸಲ್ಲದು. ಪಿಸುಮಾತಿಗೇ ಇಲ್ಲಿ ಬೆಲೆ. ಪಾತ್ರವು ಬಂದುದನ್ನೂ ಹೋದುದನ್ನೂ, ಹಗಲನ್ನೂ ಇರುಳನ್ನೂ ಮಾತಿನಲ್ಲಿಯೇ ಇಲ್ಲವೆ ಸದ್ದಿನಲ್ಲಿಯೇ ಸೂಚಿಸಬೇಕು. ತೆಂಗಿನ ಚಿಪ್ಪುಗಳೆರಡನ್ನು ಹಲಗೆಯ ಮೇಲೆ ತಾಳಬದ್ಧವಾಗಿ ಬಡಿದರೆ ಕುದುರೆಯ ಖುರಪುಟ. ತೆಳುವಾದ ತಗಡನ್ನು ಅಲ್ಲಾಡಿಸಿದರೆ ಗುಡುಗು. ಗರಿಗರಿಯಾದ ಕಾಗದವನ್ನು ಮೈಕಿನ ಬಳಿ ಮೆಲ್ಲನೆ ಹಿಸುಕಿದರೆ ಉರಿಯುವ ಬೆಂಕಿ. ಮೈಕಿನಿಂದ ಎರಡು ಹೆಜ್ಜೆ ಹಿಂದೆ ಸರಿದು ಆಡಿದ ಮಾತು ಅಂಗಳದಿಂದ ಬಂದಂತೆ, ಸಮೀಪಿಸಿ ಆಡಿದ ಮಾತು ಮನಸ್ಸಿನೊಳಗಿನ ಸ್ವಗತದಂತೆ ಕೇಳುತ್ತದೆ. ಈ ಸೂಕ್ಷ್ಮಗಳನ್ನು ಕರಗತ ಮಾಡಿಕೊಂಡ ಕಲಾವಿದರ ಪರಂಪರೆಯೊಂದು ಬೆಂಗಳೂರಿನಲ್ಲಿ ಬೆಳೆಯಿತು; ಎನ್. ಎಸ್. ವಾಮನ್, ಯಮುನಾ ಮೂರ್ತಿ ಮೊದಲಾದವರ ದನಿಯನ್ನು ಬಲ್ಲವರು ಮುಖವನ್ನು ಬಲ್ಲವರಿಗಿಂತ ಹೆಚ್ಚು. ಎ. ಎಸ್. ಮೂರ್ತಿಯವರಂತೂ ‘ಈರಣ್ಣ’ನೆಂಬ ಪಾತ್ರದ ದನಿಯಾಗಿ ಮನೆಮಾತಾಗಿ, ತಮ್ಮ ಹೆಸರಿಗೇ ಆ ಹೆಸರು ಅಂಟಿಕೊಳ್ಳುವಷ್ಟು ಜನಪ್ರಿಯರಾದರು. ಗಿರೀಶ ಕಾರ್ನಾಡರ ‘ಮಾ ನಿಷಾದ’ದಂತಹ ಕೃತಿಗಳು ಬಾನುಲಿಗೆಂದೇ ರಚಿತವಾಗಿ, ಕನ್ನಡ ಏಕಾಂಕಕ್ಕೆ ಬೇರೊಂದು ನೆಲೆಯನ್ನು ತೋರಿಸಿದುವು.

ಸಂಗೀತದ ವಿಷಯದಲ್ಲಿ ಮಾತ್ರ ಪ್ರಸಾರಕರಿಗೂ ಕೇಳುಗರಿಗೂ ಬಹುಕಾಲ ಮನಸ್ತಾಪ ನಡೆಯಿತು. ೧೯೫೨ರಿಂದ ಹತ್ತು ವರ್ಷಗಳ ಕಾಲ ಪ್ರಸಾರಖಾತೆಯ ಮಂತ್ರಿಯಾಗಿದ್ದ ಬಿ. ವಿ. ಕೇಸ್ಕರರು ಸ್ವತಃ ಸಂಗೀತಜ್ಞಾನವುಳ್ಳವರು; ಅಭಿಜಾತ ಸಂಗೀತವು ರಾಜಾಶ್ರಯ ತಪ್ಪಿ ಅನಾಥವಾಗಬಾರದೆಂಬ ಕಳಕಳಿ ಅವರಲ್ಲಿತ್ತು. ೧೯೫೨ರಲ್ಲಿ ಆರಂಭವಾದ ಸಂಗೀತದ ರಾಷ್ಟ್ರೀಯ ಕಾರ್ಯಕ್ರಮ, ತರುವಾಯದ ಬಾನುಲಿ ಸಂಗೀತ ಸಮ್ಮೇಳನ, ನಿಲಯ ಕಲಾವಿದರ ನೇಮಕ, ಇವೆಲ್ಲ ನೂರಾರು ವಿದ್ವಾಂಸರ ಒಲೆಯನ್ನು ಉರಿಸಿದುವು ಎಂಬುದನ್ನು ಕೃತಜ್ಞತೆಯಿಂದ ನೆನೆಯಬೇಕು. ಆದರೆ ಕಲಾವಿದರನ್ನು ದರ್ಜೆಗಳಾಗಿ ವಿಂಗಡಿಸುವ ಧ್ವನಿಪರೀಕ್ಷೆಯು, ಪಂಡಿತ ರಾತಂಜನ್ಕರರಂಥ ವಿದ್ವಾಂಸರ ನೇತೃತ್ವದಲ್ಲಿ ನಡೆದರೂ, ತಲೆ ನರೆತ ಗಾಯಕರನ್ನು ವಿದ್ಯಾರ್ಥಿಗಳಂತೆ ಕೂರಿಸಿತೆಂಬ ಆಕ್ಷೇಪಕ್ಕೆ ಗುರಿಯಾಯಿತು. ಹಾರ್ಮೋನಿಯಂ ಅಂತೂ, ನಮ್ಮ ಸಂಗೀತದ ಸೂಕ್ಷ್ಮ ಶ್ರುತಿಗಳಿಗೂ ಗಮಕಗಳಿಗೂ ಒಗ್ಗದ ವಾದ್ಯವೆಂಬ ಕಾರಣದಿಂದ ೧೯೪೦ರಲ್ಲಿಯೇ ಬಹಿಷ್ಕೃತವಾಗಿ, ಮತ್ತೆ ನಿಲಯದ ಹೊಸ್ತಿಲು ತುಳಿಯಲು ಮೂರು ದಶಕಗಳು ಬೇಕಾದುವು. ಅದೇ ಪೆಟ್ಟಿಗೆಯನ್ನು ಮುಂದಿಟ್ಟುಕೊಂಡು ಊರೂರಿನ ಭಜನಮಂಡಳಿಗಳೂ ನಾಟಕ ಕಂಪೆನಿಗಳೂ ಹಾಡುತ್ತಲೇ ಇದ್ದುವು.

ಚಿತ್ರಗೀತೆಗಳಿಗೂ ಇದೇ ಗತಿ ಒದಗಿತು. ಅವುಗಳ ಪ್ರಸಾರವನ್ನು ಮೊಟಕುಗೊಳಿಸಿದ ನೀತಿಯಿಂದ ಕೆರಳಿದ ಚಿತ್ರನಿರ್ಮಾಪಕರು ಹಕ್ಕನ್ನೇ ಹಿಂತೆಗೆದುಕೊಂಡಾಗ, ಆಲ್ ಇಂಡಿಯಾ ರೇಡಿಯೋದಿಂದ ಆ ಗೀತೆಗಳು ಬಹುಮಟ್ಟಿಗೆ ಮಾಯವಾದುವು. ಕೇಳುಗನು ತಿದ್ದಿಸಿಕೊಳ್ಳಬೇಕಾದ ಶಿಷ್ಯನೆಂದು ಭಾವಿಸಿದ ಕಾಲವಿದು. ಆದರೆ ಈ ಶಿಷ್ಯನ ಕೈಯಲ್ಲಿ ರೇಡಿಯೋವಿನ ಗುಂಡಿಯಿತ್ತು. ಅವನು ಅದನ್ನು ಸದ್ದಿಲ್ಲದೆ ತಿರುಗಿಸಿ ಕೊಲಂಬೊವಿನ ರೇಡಿಯೋ ಸಿಲೋನಿಗೆ ಕಿವಿಗೊಟ್ಟನು. ೧೯೫೨ರಲ್ಲಿ ಅಲ್ಲಿಂದ ಆರಂಭವಾದ ಅಮೀನ್ ಸಯಾನಿಯವರ ‘ಬಿನಾಕಾ ಗೀತಮಾಲಾ’ ಹಿಂದಿಯರಿಯದ ಊರುಗಳಲ್ಲಿಯೂ ಬುಧವಾರದ ರಾತ್ರಿಯನ್ನು ಹಬ್ಬವನ್ನಾಗಿಸಿತು. ಸರ್ಕಾರವು ಸೋಲನ್ನು ಬಾಯಿಬಿಟ್ಟು ಒಪ್ಪಿಕೊಳ್ಳದೆ, ೧೯೫೭ರ ಅಕ್ಟೋಬರ್ ೩ರಂದು ‘ವಿವಿಧ ಭಾರತಿ’ಯನ್ನು ಆರಂಭಿಸುವುದರ ಮೂಲಕ ಒಪ್ಪಿಕೊಂಡಿತು. ಹತ್ತು ವರ್ಷಗಳ ತರುವಾಯ ಅದರಲ್ಲಿ ಜಾಹೀರಾತುಗಳಿಗೂ ಎಡೆ ದೊರೆಯಿತು.

ಈ ಕಲಹದ ನಡುವೆ ಕನ್ನಡಕ್ಕೆ ಒಂದು ಲಾಭವಾದುದನ್ನು ಮರೆಯುವಂತಿಲ್ಲ. ಚಿತ್ರಗೀತೆಯ ಬದಲಿಗೆ ಸಭ್ಯವಾದ ಲಘು ಸಂಗೀತವನ್ನು ನಿಲಯಗಳೇ ನಿರ್ಮಿಸಬೇಕೆಂಬ ನಿಯಮದಿಂದ, ನಮ್ಮ ಕವಿಗಳ ಭಾವಗೀತೆಗಳು ಸ್ವರದ ಬೆಡಗನ್ನು ಪಡೆದುವು. ಪಿ. ಕಾಳಿಂಗರಾಯರು ಅದಾಗಲೇ ವೇದಿಕೆಗಳಲ್ಲಿ ಹಾಕಿಕೊಟ್ಟಿದ್ದ ಹಾದಿಯಲ್ಲಿ, ಬೆಂಗಳೂರು ನಿಲಯದ ಪದ್ಮಚರಣ್, ಎಚ್. ಕೆ. ನಾರಾಯಣ ಮೊದಲಾದವರು ರಾಗಸಂಯೋಜನೆ ಮಾಡಿ, ‘ಸುಗಮ ಸಂಗೀತ’ವೆಂಬ ಪ್ರಕಾರಕ್ಕೆ ಒಂದು ಸ್ಥಿರ ರೂಪವನ್ನಿತ್ತರು. ಪಠ್ಯಪುಸ್ತಕದ ಹೊರಗೆ ಬೇಂದ್ರೆ, ಕುವೆಂಪು, ಕೆ. ಎಸ್. ನರಸಿಂಹಸ್ವಾಮಿಯವರ ಹೆಸರನ್ನೇ ಕೇಳದ ಮನೆಗಳಲ್ಲಿಯೂ ಅಡಿಗೆಯ ಕೆಲಸದ ನಡುವೆ ಅವರ ಗೀತೆಗಳನ್ನು ಗುನುಗುವಂತಾದುದು ಹೀಗೆ.

ಹಳ್ಳಿಯ ಕೇಳುಗನನ್ನು ಬಾನುಲಿಯು ಅರಸಿಕೊಂಡು ಹೋದುದು ಮತ್ತೊಂದು ಅಧ್ಯಾಯ. ಗ್ರಾಮಸ್ಥರ ಕಾರ್ಯಕ್ರಮಗಳು ೧೯೩೦ರ ದಶಕದಲ್ಲಿಯೇ ಆರಂಭವಾಗಿದ್ದರೂ, ಅವುಗಳಲ್ಲಿ ಬಹುಪಾಲು, ಪೇಟೆಯವನು ಹಳ್ಳಿಗನ ದನಿಯನ್ನು ಅನುಕರಿಸಿ ಅವನಿಗೇ ಬುದ್ಧಿ ಹೇಳುವ ಬಗೆಯವು. ಪಂಚಾಯಿತಿಯ ಕಟ್ಟೆಯ ಮೇಲೆ ಬೀಗ ಹಾಕಿದ ಪೆಟ್ಟಿಗೆಯೊಳಗಿನ ರೇಡಿಯೋ ಸಂಜೆಯ ಹೊತ್ತು ತೆರೆದು, ಮಳೆಯ ಸೂಚನೆ, ಮಾರುಕಟ್ಟೆಯ ಧಾರಣೆ, ಗೊಬ್ಬರದ ಉಪದೇಶಗಳನ್ನಿತ್ತು ಮತ್ತೆ ಮುಚ್ಚಿಕೊಳ್ಳುತ್ತಿತ್ತು. ಕೇಳಿದವನಿಗೆ ಸಂದೇಹ ಬಂದರೆ ಕೇಳುವುದಕ್ಕೆ ಯಾರೂ ಇರಲಿಲ್ಲ. ೧೯೫೬ರಲ್ಲಿ ಪುಣೆಯ ನಿಲಯವು, ಆಗಿನ ಮುಂಬಯಿ ಪ್ರಾಂತದ ಐದು ಜಿಲ್ಲೆಗಳ ೧೫೦ ಹಳ್ಳಿಗಳಲ್ಲಿ ಒಂದು ಪ್ರಯೋಗವನ್ನು ನಡೆಸಿತು. ವಾರಕ್ಕೆರಡು ಸಲದಂತೆ ಹತ್ತು ವಾರ ಹಳ್ಳಿಗರು ಗುಂಪಾಗಿ ಕುಳಿತು ಅರ್ಧ ಗಂಟೆಯ ಕಾರ್ಯಕ್ರಮವನ್ನು ಕೇಳಬೇಕು, ಕೇಳಿದುದನ್ನು ಕುರಿತು ಚರ್ಚಿಸಬೇಕು, ತಮ್ಮ ಪ್ರಶ್ನೆಗಳನ್ನು ನಿಲಯಕ್ಕೆ ಬರೆಯಬೇಕು, ಮುಂದಿನ ಪ್ರಸಾರದಲ್ಲಿ ಅವುಗಳಿಗೆ ಉತ್ತರ ಬರಬೇಕು ಎಂಬುದು ಅದರ ಏರ್ಪಾಡು. ಈ ಪ್ರಯೋಗದ ಫಲವನ್ನು ಪಾಲ್ ನ್ಯೂರಾತ್ ಎಂಬ ಸಮಾಜಶಾಸ್ತ್ರಜ್ಞರು ಪರಿಶೀಲಿಸಿ, ಗುಂಪುಗೂಡಿ ಕೇಳಿ ಚರ್ಚಿಸಿದ ಹಳ್ಳಿಗಳಲ್ಲಿ ತಿಳಿವಳಿಕೆಯು ಗಣನೀಯವಾಗಿ ಹೆಚ್ಚಿತೆಂಬುದನ್ನು ತೋರಿಸಿದರು. ೧೯೫೯ರಲ್ಲಿ ಆ ಯೋಜನೆ ದೇಶಕ್ಕೆಲ್ಲ ವಿಸ್ತರಿಸಿತು. ಹಸುರು ಕ್ರಾಂತಿಯ ಹೊಸ್ತಿಲಲ್ಲಿ, ೧೯೬೬ರಿಂದ, ಕೃಷಿ ಮತ್ತು ಗೃಹವಿಭಾಗಗಳು ನಿಲಯಗಳಲ್ಲಿ ಸ್ಥಾಪಿತವಾಗಿ, ನಮ್ಮ ‘ಕೃಷಿರಂಗ’ದಂತಹ ಕಾರ್ಯಕ್ರಮಗಳಲ್ಲಿ ಅಧಿಕಾರಿಯೊಡನೆ ರೈತನೂ ತನ್ನ ದನಿಯಲ್ಲಿಯೇ ತನ್ನ ಅನುಭವವನ್ನು ಹೇಳತೊಡಗಿದನು. ಉಪದೇಶ ಸಂವಾದವಾದುದು ಈ ತಿರುವಿನಲ್ಲಿ.

ಇದೇ ಕಾಲಕ್ಕೆ ಟ್ರಾನ್ಸಿಸ್ಟರು ಬಂದಿತು. ಕವಾಟಗಳು ಕಾದು ದನಿ ಹೊರಡುವುದಕ್ಕೇ ನಿಮಿಷ ಹಿಡಿಯುತ್ತಿದ್ದ, ಮಹಡಿಯ ಮೇಲೆ ತಂತಿಯ ಏರಿಯಲ್ಲನ್ನು ಬೇಡುತ್ತಿದ್ದ, ಕಸೂತಿಯ ಬಟ್ಟೆ ಹೊದೆದು ಗೋಡೆಯ ಹಲಗೆಯ ಮೇಲೆ ಕುಳಿತಿದ್ದ ಹಿರಿಯ ಪೆಟ್ಟಿಗೆಯ ಜಾಗದಲ್ಲಿ, ಬ್ಯಾಟರಿಯ ಬಲದಿಂದ ಹೊಲದ ಬದುವಿಗೂ ಬರಬಲ್ಲ ಕಿರಿಯ ಪೆಟ್ಟಿಗೆ ಕಾಣಿಸಿಕೊಂಡಿತು. ವರ್ಷಕ್ಕೊಮ್ಮೆ ಅಂಚೆಕಚೇರಿಗೆ ಹೋಗಿ ಲೈಸೆನ್ಸು ಪುಸ್ತಕದಲ್ಲಿ ಮುದ್ರೆ ಹಾಕಿಸಿಕೊಂಡು ಬರುವ ಪದ್ಧತಿ ೧೯೮೦ರ ದಶಕದಲ್ಲಿ ರದ್ದಾಗುವ ತನಕ ಉಳಿದಿತ್ತಾದರೂ, ಮನೆಗೊಂದಿದ್ದ ರೇಡಿಯೋ ಕ್ರಮೇಣ ಆಳಿಗೊಂದಾಯಿತು. ಪ್ರಾತಃಕಾಲದ ಭಕ್ತಿಗೀತೆ ಮತ್ತು ಚಿಂತನ, ಏಳು ಗಂಟೆಯ ಆಸುಪಾಸಿನ ಪ್ರದೇಶ ಸಮಾಚಾರ, ಮಧ್ಯಾಹ್ನದ ಮಹಿಳೆಯರ ಕಾರ್ಯಕ್ರಮ, ಭಾನುವಾರದ ಮಕ್ಕಳ ಕಾರ್ಯಕ್ರಮ, ರಾತ್ರಿಯ ನಾಟಕ, ಹೀಗೆ ಕಾಲವನ್ನು ಕೇಳುಗರ ವರ್ಗಗಳಿಗೆ ಅನುಗುಣವಾಗಿ ಹಂಚಿಕೊಟ್ಟ ವ್ಯವಸ್ಥೆ ಗಟ್ಟಿಗೊಂಡು, ಮನೆಮಂದಿ ಗಡಿಯಾರವನ್ನು ನೋಡದೆ ಕಾರ್ಯಕ್ರಮವನ್ನು ಕೇಳಿಯೇ ಹೊತ್ತನ್ನು ಅರಿಯುವಂತಾಯಿತು. ಇವೆಲ್ಲಕ್ಕಿಂತ ಮಹತ್ತರವಾದುದು ಕೋರಿಕೆಯ ಗೀತೆಗಳ ಕಾರ್ಯಕ್ರಮ. ಒಂದು ಅಂಚೆಕಾರ್ಡಿನ ಬೆಲೆಗೆ, ಹೆಸರೇ ಕೇಳದ ಊರಿನ ತರುಣನೊಬ್ಬನು ತನ್ನ ಹೆಸರೂ ಗೆಳೆಯರ ಹೆಸರೂ ನಾಡಿಗೆಲ್ಲ ಕೇಳುವಂತೆ ಮಾಡಬಲ್ಲವನಾದನು. ಮೂರು ನಿಮಿಷದ ಹಾಡಿಗೆ ಮುನ್ನ ಉದ್ಘೋಷಕಿ ಓದುವ ಆ ಹೆಸರುಗಳ ಸರಣಿಯಲ್ಲಿ, ಅಗೋಚರನಾಗಿದ್ದ ಕೇಳುಗನು ಮೊದಲ ಬಾರಿಗೆ ತನ್ನ ಗುರುತನ್ನು ತಾನೇ ಹೇಳಿಕೊಂಡನು.

ಕೇಳುಗನು ದೊರೆತ ಮೇಲೆ ನಿಲಯಗಳು ಅವನ ಊರಿನತ್ತ ಸರಿದುವು. ಭದ್ರಾವತಿ ೧೯೬೫ರಲ್ಲಿ, ಕಲಬುರ್ಗಿ ೧೯೬೬ರಲ್ಲಿ, ಮಂಗಳೂರು ೧೯೭೬ರಲ್ಲಿ ತಂತಮ್ಮ ದನಿಯನ್ನು ಪಡೆದುವು. ೧೯೭೪ರ ನವೆಂಬರ್‌ನಲ್ಲಿ ಮೈಸೂರಿನ ನಿಲಯವು ಮರುಹುಟ್ಟು ಪಡೆಯಿತು. ಮಂಗಳೂರಿನಿಂದ ಯಕ್ಷಗಾನ ತಾಳಮದ್ದಳೆಗಳೂ ತುಳು ಕೊಂಕಣಿಗಳ ಕಾರ್ಯಕ್ರಮಗಳೂ, ಕಲಬುರ್ಗಿಯಿಂದ ತತ್ತ್ವಪದ ವಚನಗಳೂ, ಮೈಸೂರಿನಿಂದ ದಸರೆಯ ಜಂಬೂಸವಾರಿಯ ವೀಕ್ಷಕವಿವರಣೆಯೂ ಹರಿದುಬಂದುವು. ರಾಜಧಾನಿಯ ಶಿಷ್ಟಭಾಷೆಯೊಂದೇ ಮೈಕಿಗೆ ಯೋಗ್ಯವೆಂಬ ಭ್ರಮೆ ಇದರಿಂದ ಸಡಿಲವಾಯಿತು.

ಆದರೆ ಸುದ್ದಿಯ ವಿಷಯದಲ್ಲಿ ಮಾತ್ರ ಬಾನುಲಿಯು ಕೇಳುಗನನ್ನು ಪ್ರಜೆಯೆಂದು ಭಾವಿಸದೆ ಆಳಿಸಿಕೊಳ್ಳುವವನೆಂದೇ ಭಾವಿಸಿತು. ಸರ್ಕಾರದ ಖಾತೆಯೊಂದರ ಅಂಗವಾಗಿದ್ದ ಸಂಸ್ಥೆಗೆ ಸ್ವಾಯತ್ತತೆ ಬೇಕೆಂದು ೧೯೬೬ರಲ್ಲಿ ಚಂದಾ ಸಮಿತಿಯೂ, ತುರ್ತುಪರಿಸ್ಥಿತಿಯ ಕಹಿಯನ್ನುಂಡ ಬಳಿಕ ೧೯೭೮ರಲ್ಲಿ ವರ್ಗೀಸ್ ಸಮಿತಿಯೂ ಸೂಚಿಸಿದ್ದರೂ, ಪ್ರಸಾರ ಭಾರತಿಯ ಕಾಯಿದೆ ೧೯೯೦ರಲ್ಲಿ ಅಂಗೀಕೃತವಾಗಿ ಜಾರಿಗೆ ಬಂದುದು ೧೯೯೭ರಲ್ಲಿ. ಈ ನಡುವೆ ೧೯೯೫ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಪ್ರಸಾರದ ಅಲೆಗಳು ಸಾರ್ವಜನಿಕರ ಸ್ವತ್ತೆಂದು ತೀರ್ಪಿತ್ತಿತು. ಆ ತೀರ್ಪಿನ ಬಳಿಕ ತೆರೆದ ಬಾಗಿಲಲ್ಲಿ ಮೊದಲು ಒಳಹೊಕ್ಕುದು ವ್ಯಾಪಾರ: ೨೦೦೧ರ ಜುಲೈನಲ್ಲಿ ದೇಶದ ಪ್ರಥಮ ಖಾಸಗಿ ಎಫ್.ಎಂ. ನಿಲಯವು ಬೆಂಗಳೂರಿನಲ್ಲಿಯೇ ಪ್ರಾರಂಭವಾಯಿತು. ಅಲ್ಲಿಂದೀಚೆಗೆ ಬರೆದು ಓದುವ ಭಾಷಣವು ಹಿಂದೆ ಸರಿದು, ನಿರರ್ಗಳವಾಗಿ ಹರಟುವ ನಿರೂಪಕನು ಮುಂದೆ ಬಂದನು; ಅಂಚೆಕಾರ್ಡಿನ ಸ್ಥಾನವನ್ನು ದೂರವಾಣಿ ಆಕ್ರಮಿಸಿತು. ಎರಡನೆಯದಾಗಿ ಒಳಹೊಕ್ಕುದು ಸಮುದಾಯ. ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ ‘ನಮ್ಮ ಧ್ವನಿ’ ಎಂಬ ಪ್ರಯತ್ನವು, ಅಲೆಗಳ ಪರವಾನಗಿ ದೊರೆಯದಿದ್ದರೂ ಕೇಬಲ್ಲಿನ ಮೂಲಕವೇ ಮನೆಮನೆಗೆ ದನಿಯನ್ನೊಯ್ದು, ಹಳ್ಳಿಯ ಹೆಂಗಸರೇ ಕಾರ್ಯಕ್ರಮ ತಯಾರಿಸಬಲ್ಲರೆಂಬುದನ್ನು ತೋರಿಸಿತು. ೨೦೦೬ರಲ್ಲಿ ಸರ್ಕಾರವು ಸ್ವಯಂಸೇವಾ ಸಂಸ್ಥೆಗಳಿಗೂ ಸಮುದಾಯ ಬಾನುಲಿಯ ಅನುಮತಿಯನ್ನಿತ್ತಿತು. ನೆರೆಹೊರೆಯವರಿಗಾಗಿ ಮನೆಯಲ್ಲಿ ಯಂತ್ರವಿಟ್ಟ ಗೋಪಾಲಸ್ವಾಮಿಯವರ ಸಾಹಸಕ್ಕೆ ಈ ಕಿರು ನಿಲಯಗಳೇ ನಿಜವಾದ ವಾರಸುದಾರರು.

ಈ ದೀರ್ಘ ಪಯಣವನ್ನು ತೂಗಿ ನೋಡಿದರೆ ಒಂದು ಮಾತನ್ನು ನಿಸ್ಸಂಕೋಚವಾಗಿ ಹೇಳಬಹುದು. ಕೇಳುಗನನ್ನು ತನಗಿಂತ ಕೆಳಗಿನವನೆಂದು ಬಗೆದಾಗಲೆಲ್ಲ, ಅದು ಸಂಸ್ಕಾರದ ಹೆಸರಿನಲ್ಲಿರಲಿ, ಅಭಿವೃದ್ಧಿಯ ಹೆಸರಿನಲ್ಲಿರಲಿ, ಮನರಂಜನೆಯ ಹೆಸರಿನಲ್ಲಿರಲಿ, ಬಾನುಲಿಯು ಅವನನ್ನು ಕಳೆದುಕೊಂಡಿದೆ. ಅವನನ್ನು ಸಮಾನನೆಂದು ಮನ್ನಿಸಿದಾಗ ಮೂವತ್ತು ವಾಟ್‌ನ ದನಿಯೂ ನಾಡಿನ ನೆನಪಿನಲ್ಲಿ ನಿಂತಿದೆ. ಇಂದು ಹರಟೆಯೊಂದನ್ನೇ ಕಾರ್ಯಕ್ರಮವೆಂದು ತಿಳಿದ ನಿಲಯಗಳಿಗೂ, ಹಳೆಯ ಪರಿಪಾಠವನ್ನು ಉಸಿರುಗಟ್ಟಿ ಹಿಡಿದಿರುವ ನಿಲಯಗಳಿಗೂ ಈ ಪಾಠ ಸಲ್ಲತಕ್ಕುದು.

ಕೊನೆಗೆ ಓದುಗರಲ್ಲಿ ಒಂದು ಬಿನ್ನಹ. ನೇರ ಪ್ರಸಾರದ ಕಾಲದ ದನಿಗಳು ಗಾಳಿಯಲ್ಲಿ ಸೇರಿಹೋದುವು. ಟೇಪುಗಳ ಕಾಲದಲ್ಲಿಯೂ ಒಂದೇ ಟೇಪನ್ನು ಅಳಿಸಿ ಮತ್ತೆ ಮತ್ತೆ ಬಳಸುವ ಮಿತವ್ಯಯದಿಂದ ನಷ್ಟವಾದುದು ಅಪಾರ. ಹಾಗಾಗಿ ಆ ಕಾರ್ಯಕ್ರಮಗಳ ಸಾಕ್ಷ್ಯವಾಗಿ ಉಳಿದಿರುವುದು ಭಾಷಣಕಾರರ, ನಾಟಕಕಾರರ, ಕಲಾವಿದರ ಮನೆಗಳ ಕಪಾಟುಗಳಲ್ಲಿರುವ ಬರಹದ ಪ್ರತಿಗಳು, ನಿಲಯದಿಂದ ಬಂದ ಒಪ್ಪಂದ ಪತ್ರಗಳು, ಮತ್ತು ಹಿರಿಯರ ನೆನಪು. ನಿಮ್ಮ ಮನೆಯಲ್ಲಿ ಅಂಥ ಕಾಗದಗಳಿದ್ದರೆ ರದ್ದಿಯವನಿಗೆ ಹಾಕದೆ ಸಮೀಪದ ವಿಶ್ವವಿದ್ಯಾನಿಲಯಕ್ಕೋ ಗ್ರಂಥಾಲಯಕ್ಕೋ ಒಪ್ಪಿಸಿರಿ. ನಿಲಯಗಳಲ್ಲಿ ದುಡಿದ ಹಿರಿಯರು ನಿಮ್ಮ ಬಂಧುವರ್ಗದಲ್ಲಿದ್ದರೆ, ಅವರು ಕಂಡುದನ್ನೂ ಮಾಡಿದುದನ್ನೂ ಇಂದೇ ಕೇಳಿ ಬರೆದಿಡಿರಿ.